ಸಿನಿಮಾ ನೋಡಿ ಮಲತಾಯಿಯಾಗಲು ಹೊರಟಿದ್ದು

ಮಲತಾಯಿಯಾಗುವುದು ಹೇಗೆಂದು ನನಗೆ ಯಾರೂ ಹೇಳಿಕೊಡಬೇಕಾಗಿರಲಿಲ್ಲ. ನಾನು ಬೇಕಾದಷ್ಟು ಸಿನಿಮಾ ನೋಡಿದ್ದೆ!

ದೆಹಲಿಯ ಒಂದು ಕೇಂದ್ರ ಸರ್ಕಾರಿ ಕಚೇರಿಯಲ್ಲಿ ಫೈಲುಗಳ ಜೊತೆಗೇ ಸಂಸಾರ ಮಾಡಿಕೊಂಡಿದ್ದ ನಾನು, ನಲವತ್ತರ ಹೊಸ್ತಿಲಲ್ಲಿ ನಿಂತು ಸುಧಾಕರರನ್ನು ಮದುವೆಯಾದದ್ದು ಕಳೆದ ವರ್ಷ. ಅವರು ಕುಂದಾಪುರದ ಕಡೆಯವರು. ಮುನಿರ್ಕಾದಲ್ಲಿ ಕಾಲೇಜು ಹುಡುಗರಿಗೆ ಇಡ್ಲಿ ದೋಸೆ ಹಾಕುವ ಹೋಟೆಲು ಅವರದು. ಮೊದಲ ಹೆಂಡತಿ ಜಯಶ್ರೀ ಡೆಂಗ್ಯೂ ಜ್ವರದಲ್ಲಿ ತೀರಿಕೊಂಡು ಕೆಲವು ವರ್ಷಗಳಾಗಿದ್ದವು. ಮಗಳು ಅದಿತಿ ಒಂಬತ್ತನೆಯ ಕ್ಲಾಸು. ಮದುವೆಯಾದ ಮೇಲೆ ಹೋಟೆಲಿನ ಮಾಳಿಗೆಯ ಹಳೆಯ ಮನೆ ಬಿಟ್ಟು, ಮಯೂರ್ ವಿಹಾರದ ಸೊಸೈಟಿಯೊಂದರ ಎರಡು ಕೋಣೆಯ ಫ್ಲ್ಯಾಟಿಗೆ ಬಂದೆವು. ನಮ್ಮ ಜೊತೆ ಇನ್ನೊಬ್ಬರೂ ಬಂದರು. ಜಯಶ್ರೀಯ ತಾಯಿ.

ಅಂದರೆ ನನ್ನ ಗಂಡನ ಮೊದಲ ಅತ್ತೆ. ಸವತಿಯ ತಾಯಿಯನ್ನು ಏನೆಂದು ಕರೆಯಬೇಕು ಎಂಬ ಬಗ್ಗೆ ನಮ್ಮ ಹಿರಿಯರು ಯಾವ ಸುತ್ತೋಲೆಯನ್ನೂ ಹೊರಡಿಸಿಲ್ಲ. ನಾನು "ಅಮ್ಮ" ಎಂದೆ. ಅವರು "ಎಂಥ ಮಾರಾಯ್ತಿ?" ಎಂದರು. ಅಲ್ಲಿಗೆ ಆ ಕಡತ ಮುಕ್ತಾಯವಾಯಿತು. ಸೊಸೈಟಿಯವರು ಅವರನ್ನು ನನ್ನ ಹೆತ್ತ ತಾಯಿ ಎಂದೇ ತಿಳಿದುಕೊಂಡರು. ತಿದ್ದುವ ಮನಸ್ಸು ನನಗೂ ಬರಲಿಲ್ಲ, ಯಾಕೆಂದರೆ ಹಾಗೆ ಅನ್ನಿಸಿಕೊಳ್ಳುವುದು ಹಿತವಾಗಿತ್ತು.

ಈಗ ಸಿನಿಮಾದ ವಿಷಯ. ಹಳೆಯ ಸಿನಿಮಾದ ಮಲತಾಯಿ ಬಹಳ ಸುಲಭ. ಒಂದು ಹುಬ್ಬು ಸದಾ ಮೇಲೆ. ತನ್ನ ಮಗನಿಗೆ ತುಪ್ಪ, ಸವತಿಯ ಮಗುವಿಗೆ ತಂಗಳು. ಹೊಸ ಸಿನಿಮಾದ ಮಲತಾಯಿ ಹಾಗಲ್ಲ. ಅವಳಿಗೆ ಕಾಟನ್ ಸೀರೆ, ದೊಡ್ಡ ಬೊಟ್ಟು, ಬೆಳ್ಳಿಯ ಜುಮುಕಿ. ಮನೆಯಲ್ಲಿ ಒಂದೇ ಒಂದು ಹಳದಿ ದೀಪ ಮಂದವಾಗಿ ಉರಿಯುತ್ತಿರುತ್ತದೆ, ಯಾರೂ ಎದ್ದು ಟ್ಯೂಬ್‌ಲೈಟ್ ಹಾಕುವುದಿಲ್ಲ. ಯಾರೂ ಮಾತಾಡುವುದೂ ಇಲ್ಲ. ಗಂಡ ಬಾಲ್ಕನಿಯಲ್ಲಿ ಬೆನ್ನು ತೋರಿಸಿಕೊಂಡು ನಿಂತಿರುತ್ತಾನೆ. ಮಗು ಬಾಗಿಲನ್ನು ದಢಾರನೆ ಹಾಕಿಕೊಳ್ಳುತ್ತದೆ. ಆಗ ಯಾರೋ ಒಬ್ಬರು ಮೆಲ್ಲಗೆ, "ಅವಳಿಗೆ ಸ್ವಲ್ಪ ಸ್ಪೇಸ್ ಕೊಡು" ಎನ್ನುತ್ತಾರೆ. ಕೊನೆಗೆ ಏರ್‌ಪೋರ್ಟಿನಲ್ಲಿ ಎಲ್ಲರೂ ಎಲ್ಲರನ್ನೂ ತಬ್ಬಿಕೊಳ್ಳುತ್ತಾರೆ.

ನಾನು ಸಕಲ ಸಿದ್ಧತೆಯೊಂದಿಗೆ ಬಂದಿದ್ದೆ. ಕಾಟನ್ ಸೀರೆಗಳನ್ನೇ ತಂದಿದ್ದೆ. ಆದರೆ ಮನೆಯೇ ಸಹಕರಿಸಲಿಲ್ಲ! ಬಾಲ್ಕನಿಯಲ್ಲಿ ಬೆನ್ನು ತೋರಿಸಿ ನಿಲ್ಲಲು ಗಂಡನಿಗೆ ಜಾಗವಿರಲಿಲ್ಲ, ಅಲ್ಲಿ ವಾಷಿಂಗ್ ಮಷಿನ್ ಇತ್ತು. ಅದಿತಿ ಬಾಗಿಲು ದಢಾರನೆ ಹಾಕಿಕೊಳ್ಳುವಂತಿರಲಿಲ್ಲ, ಅದು ನೆಲಕ್ಕೆ ಉಜ್ಜಿ ಅರ್ಧಕ್ಕೇ ನಿಲ್ಲುತ್ತಿತ್ತು. ಮೊದಲ ದಿನ ಅವಳು ನನ್ನೆದುರು ಬಂದು ನಿಂತಾಗ, ಬಂತು, ಈಗ ಬಂತು, 'ನೀವು ನನ್ನ ಅಮ್ಮ ಅಲ್ಲ' ಎಂಬ ಡೈಲಾಗು ಎಂದು ಉಸಿರು ಬಿಗಿಹಿಡಿದೆ. ಅವಳು ಕೇಳಿದ್ದು, "ಚಿಕ್ಕಿ, ವೈಫೈ ಕಾ ಪಾಸ್‌ವರ್ಡ್ ಕ್ಯಾ ಹೈ?"

ಚಿಕ್ಕಿ ಎಂದು ಕರೆಯಲು ಕಲಿಸಿದ್ದು ಅವಳ ಅಜ್ಜಿಯೇ. ಅವರ ಊರಿನಲ್ಲಿ ಚಿಕ್ಕಮ್ಮನಿಗೆ ಹಾಗೆನ್ನುತ್ತಾರಂತೆ. ಆದರೂ ನಾನು ಬಿಡಲಿಲ್ಲ. ಸ್ಪೇಸ್ ಕೊಡುವುದೆಂದರೆ ಕೊಡುವುದೇ! ಅವಳ ಕೋಣೆಯ ಅರೆತೆರೆದ ಬಾಗಿಲನ್ನು ಬಡಿದು, "ಬರಲಾ?" ಎಂದು ಕೇಳಿ, "ಆಯಿಯೇ ನಾ ಚಿಕ್ಕಿ" ಎಂದರೂ ಒಳಗೆ ಹೋಗದೆ ಹೊರಗೇ ನಿಂತು ಮಾತಾಡುತ್ತಿದ್ದೆ. ಕೋಣೆಯಲ್ಲಿ ಅವಳೊಂದಿಗೇ ಮಲಗುವ ಅಮ್ಮ ಒಮ್ಮೆ ಕೇಳಿದರು, "ಅಲ್ಲ ಶೈಲಾ, ನಿಂಗೆ ಒಳಗೆ ಬರ್ಲಿಕ್ಕೆ ಮುಹೂರ್ತ ಬೇಕಾ?"

ಹೀಗೆ ಯಾವ ಕಥಾವಸ್ತುವೂ ಇಲ್ಲದೆ ಸಂಸಾರ ಸಾಗಿರುವಾಗ, ಒಂದು ದಿನ ಸೊಪ್ಪು ಬಿಡಿಸುತ್ತಾ ಅಮ್ಮ ಹೇಳಿದರು, "ಅದಿತಿಯ ಪರೀಕ್ಷೆ ಮುಗಿದ ಕೂಡ್ಲೆ ನಾನು ಊರಿಗೆ ಹೊರಡ್ತೇನೆ. ಗಣೇಶ ಮಂಗಳೂರಿಗೆ ಕರೀತಾ ಇದ್ದಾನೆ. ಮಗುವಿಗೆ ತಾಯಿ ಬಂದಾಯ್ತಲ್ಲ. ಇನ್ನು ನಾನಿಲ್ಲಿ ಯಾವ ಲೆಕ್ಕದಲ್ಲಿ?"

ಗಣೇಶ ಅವರ ಮಗ. ಹೆತ್ತ ಮಗ ಕರೆದಾಗ ಅಳಿಯನ ಮನೆಯಲ್ಲಿ, ಅದೂ ಅಳಿಯ ಇನ್ನೊಂದು ಮದುವೆಯಾದ ಮೇಲೆ, ಇರಿ ಎನ್ನಲು ನಾನು ಯಾರು? ಆದರೆ ನನ್ನ ತಾಯಿ ಹೋಗಿ ಎಷ್ಟೋ ವರ್ಷಗಳಾಗಿವೆ. ಆಮೇಲೆ ಆಫೀಸಿನಿಂದ ಬಂದವಳನ್ನು ಬಾಗಿಲಲ್ಲೇ ತಡೆದು, "ಮುಖ ಯಾಕೆ ಇಷ್ಟು ಸಣ್ಣ ಆಗಿದೆ? ಮಧ್ಯಾಹ್ನ ಸರಿ ಉಂಡಿಲ್ವಾ?" ಎಂದು ಗದರಿಸಿದವರು ಇವರೊಬ್ಬರೇ. ಇವರು ಹೋದರೆ ನನಗೆ ಆಗುವುದಿಲ್ಲ. ಇಷ್ಟೇ ವಿಷಯ.

ಸುಧಾಕರರ ಹತ್ತಿರ ಹೇಳಿಕೊಂಡೆ. ಅವರು ಸಾಂಬಾರಿನ ರುಚಿ ನೋಡುವವರ ಹಾಗೆ ಒಂದು ಕ್ಷಣ ಯೋಚಿಸಿ, "ಹೋಗ್ಬೇಡಿ, ಇಲ್ಲೇ ಇರಿ ಅಂತ ಒಂದು ಮಾತು ಹೇಳಿದ್ರಾಯ್ತಲ್ಲ ಮಾರಾಯ್ತಿ" ಎಂದರು.

"ರೀ, ಯಾವ ಸಿನಿಮಾದಲ್ಲಾದರೂ ಯಾರಾದರೂ ಹಾಗೆ ನೇರವಾಗಿ ಹೇಳ್ತಾರೇನ್ರೀ?"

"ಹೇಳಿದ್ರೆ ಸಿನಿಮಾ ಹತ್ತು ನಿಮಿಷಕ್ಕೇ ಮುಗಿದು ಹೋಗ್ತದೆ. ಅದಕ್ಕೇ ಹೇಳುವುದಿಲ್ಲ!" ಎಂದು ಅವರು ಮಗ್ಗುಲಾದರು. ಗಂಡಸರಿಗೆ ಸೂಕ್ಷ್ಮ ಭಾವನೆಗಳು ಅರ್ಥವಾಗುವುದಿಲ್ಲ ಎಂದು ನಾನು ತೀರ್ಮಾನಿಸಿದೆ.

ಮೊದಲ ಹೆಜ್ಜೆಯಾಗಿ, ಭಾನುವಾರ ಮಧ್ಯಾಹ್ನ ಊಟದ ನಂತರ ಟಿವಿಯಲ್ಲಿ ಎಲ್ಲರೂ ಕೂಡಿ ಒಂದು ಹೊಸ ಸಿನಿಮಾ ನೋಡುವ ಕಾರ್ಯಕ್ರಮ ಇಟ್ಟುಕೊಂಡೆ. ಮನೆಗೆ ಎರಡನೆಯ ಹೆಂಡತಿ ಬರುತ್ತಾಳೆ, ಮನೆಯಲ್ಲಿ ಒಬ್ಬ ಅಜ್ಜಿ ಇರುತ್ತಾಳೆ, ಇಬ್ಬರಿಗೂ ಮೊದಲು ಆಗುವುದಿಲ್ಲ, ಆಮೇಲೆ ಪ್ರಾಣಕ್ಕೆ ಪ್ರಾಣ. ಅರ್ಧ ಸಿನಿಮಾ ನಾನು ಮೊದಲೇ ನೋಡಿ ಪರಿಶೀಲಿಸಿದ್ದೆ. ಇನ್ನರ್ಧ ನೋಡಲು ಸಮಯವಾಗಿರಲಿಲ್ಲ. ಇಂಥ ಕಥೆ ಹೇಗೆ ಮುಗಿಯುತ್ತದೆಂದು ಗೊತ್ತೇ ಇದೆಯಲ್ಲ!

ಗೊತ್ತಿರಲಿಲ್ಲ. ಕೊನೆಯ ಹತ್ತು ನಿಮಿಷದಲ್ಲಿ ಆ ಅಜ್ಜಿ ಎದ್ದು ಸೀರೆಗಳನ್ನು ಮಡಚಿ ಟ್ರಂಕಿಗೆ ಹಾಕಿಕೊಂಡು, ಹೊಸ ಸೊಸೆಯ ಹಣೆಗೆ ಮುತ್ತಿಟ್ಟು, "ಇನ್ನು ಈ ಮನೆ ನಿನ್ನದು" ಎಂದು ಟ್ಯಾಕ್ಸಿ ಹತ್ತಿ ಹರಿದ್ವಾರದ ಆಶ್ರಮಕ್ಕೆ ಹೊರಟೇಬಿಟ್ಟಳು! ಹಿನ್ನೆಲೆಯಲ್ಲಿ ಕೊಳಲು. ನಾನು ರಿಮೋಟಿಗಾಗಿ ತಡಕಾಡಿದೆ. ಅದರ ಮೇಲೆ ಅಮ್ಮ ಕೂತಿದ್ದರು.

ಅಮ್ಮ ಸೆರಗಿನಿಂದ ಕಣ್ಣೊರೆಸಿಕೊಂಡರು. "ಎಷ್ಟು ಮರ್ಯಾದೆಯ ಹೆಂಗಸು ನೋಡು. ಯಾರೂ ಹೇಳುವ ಮೊದ್ಲೇ ಹೊರಟಳು" ಎಂದರು. ಆಮೇಲೆ ನನ್ನನ್ನು ಒಂದು ಥರ ನೋಡಿ, "ಒಳ್ಳೆ ಸಿನಿಮಾ ತೋರಿಸಿದೆ" ಎಂದರು.

ಮರುದಿನ ಬೆಳಿಗ್ಗೆ ಸುಧಾಕರರಿಗೆ ಹೇಳಿದ್ದು ನನ್ನ ಕಿವಿಗೂ ಬಿತ್ತು. "ಸುಧಾಕರ, ಪರೀಕ್ಷೆ ಮುಗಿಯುವ ತನಕ ಎಂಥಕ್ಕೆ? ಬೇಗ ಟಿಕೆಟ್ ಸಿಕ್ಕಿದ್ರೆ ಬೇಗಕ್ಕೇ ಮಾಡು."

ಸುಧಾಕರ ನನ್ನ ಕಡೆ ತಿರುಗಿ ಎರಡೂ ಕೈ ಮುಗಿದರು.

ಎರಡನೆಯ ಹೆಜ್ಜೆ ಅಡುಗೆಮನೆಯ ಮೂಲಕ. ಹೊಸ ಸಿನಿಮಾಗಳಲ್ಲಿ ಮಲತಾಯಿ ಸತ್ತವಳ ಕೈರುಚಿಯನ್ನು ಹೇಗೋ ಕಲಿತು ಮಾಡಿ ಬಡಿಸುತ್ತಾಳೆ. ಮೊದಲ ತುತ್ತು ಬಾಯಿಗಿಟ್ಟ ಕೂಡಲೇ ಎಲ್ಲರ ಚಮಚ ಅರ್ಧದಲ್ಲೇ ನಿಲ್ಲುತ್ತದೆ, ಒಂದು ಹನಿ ಕಣ್ಣೀರು ಬೀಳುತ್ತದೆ. ಜಯಶ್ರೀಯ ಪತ್ರೊಡೆ ಪ್ರಸಿದ್ಧವಂತೆ. ಕೆಸುವಿನ ಎಲೆಗೆ ಅಕ್ಕಿ, ಮಸಾಲೆಯ ಹಿಟ್ಟು ಹಚ್ಚಿ, ಸುರುಳಿ ಸುತ್ತಿ, ಹಬೆಯಲ್ಲಿ ಬೇಯಿಸುವ ತಿಂಡಿ. ಮೈಸೂರಿನವಳಾದ ನಾನು ಅದನ್ನು ತಿಂದಿದ್ದೇನೆಯೇ ಹೊರತು ಮಾಡಿರಲಿಲ್ಲ. ಆದರೇನು? ಮೊಬೈಲಿನಲ್ಲಿ ವಿಡಿಯೋ ಇತ್ತು. ತರಕಾರಿ ಭಯ್ಯಾನಿಗೆ ಹೇಳಿ, ಇಲ್ಲಿಯವರು ಅರ್ಬಿ ಎನ್ನುವ ಕೆಸುವಿನ ಎಲೆ ತರಿಸಿದೆ. "ಪಕೋಡಾ ಬನಾಯೇಂಗೀ ಮೇಡಂ?" ಎಂದ. ನಾನು ನಿಗೂಢವಾಗಿ ನಕ್ಕೆ.

ಹುಣಸೆಹಣ್ಣು ವಿಡಿಯೋದಲ್ಲಿ ಹೇಳಿದ್ದಕ್ಕಿಂತ ಕಡಿಮೆ ಹಾಕಿದೆ. ಅದಿತಿಗೆ ಹುಳಿ ಆಗದು ಎಂಬ ತಾಯಿಯ ಕಾಳಜಿ! ಕೆಸುವಿನ ಎಲೆಯ ತುರಿಕೆಯನ್ನು ಅಡಗಿಸುವುದು ಆ ಹುಳಿಯೇ ಎಂದು ನನಗೆ ಗೊತ್ತಾದದ್ದು, ಎಲ್ಲರೂ ಸಾಲಾಗಿ ಕೂತು ಮೊದಲ ತುಂಡು ನುಂಗಿದ ನಂತರ.

ಕೈಗಳು ಅರ್ಧದಲ್ಲೇ ನಿಂತವು. ಕಣ್ಣಲ್ಲಿ ನೀರೂ ಬಂತು. ಅಲ್ಲಿಯವರೆಗೆ ಎಲ್ಲವೂ ಸಿನಿಮಾದಂತೆಯೇ ಇತ್ತು. ಆಮೇಲೆ ಸುಧಾಕರ ಗಂಟಲು ಹಿಡಿದುಕೊಂಡು ಮೊಸರಿಗೆ ಓಡಿದರು. ಅದಿತಿ ನಾಲಗೆ ಹೊರಹಾಕಿ ಫ್ಯಾನಿನ ಕೆಳಗೆ ನಿಂತಳು. ಅಮ್ಮ ಏನೋ ಹೇಳಲು ಬಾಯಿ ತೆರೆದರು, ಶಬ್ದ ಹೊರಡಲಿಲ್ಲ. ಬೆಲ್ಲ, ಮಜ್ಜಿಗೆ, ಹುಣಸೆಹುಳಿ, ಎಲ್ಲ ಪ್ರಯೋಗಿಸಿದ ಮೇಲೂ ಆ ಸಂಜೆಯೆಲ್ಲಾ ಒಬ್ಬರೂ ಮಾತಾಡಲಿಲ್ಲ. ಹೊಸ ಸಿನಿಮಾದಲ್ಲಿ ಇರುವಂಥ ಮೌನ ಕೊನೆಗೂ ನಮ್ಮ ಮನೆಯಲ್ಲಿ ನೆಲೆಸಿತು!

ದನಿ ಮರಳಿ ಬಂದ ಕೂಡಲೇ ಅಮ್ಮ ಕೇಳಿದ ಮೊದಲ ಪ್ರಶ್ನೆ, "ಟಿಕೆಟ್ ಸಿಕ್ಕಿತಾ ಸುಧಾಕರ?"

ಸಿಕ್ಕಿತ್ತು. ಇನ್ನು ಉಳಿದದ್ದು ಬ್ರಹ್ಮಾಸ್ತ್ರ ಒಂದೇ.

ಒಂದು ಸಿನಿಮಾದಲ್ಲಿ, ಮೂಲೆಗುಂಪಾಗಿದ್ದ ಮೊದಲ ಹೆಂಡತಿಯ ಫೋಟೋವನ್ನು ಎರಡನೆಯವಳು ತಾನೇ ತೆಗೆದು, ದೊಡ್ಡದು ಮಾಡಿಸಿ, ನಡುಮನೆಯಲ್ಲಿ ತೂಗುಹಾಕುತ್ತಾಳೆ. ನೋಡಿದ ಅತ್ತೆ ಗೊಳೋ ಎಂದು ಅತ್ತು ಅವಳನ್ನು ತಬ್ಬಿಕೊಳ್ಳುತ್ತಾಳೆ. ನಮ್ಮ ಮನೆಯಲ್ಲೂ ಜಯಶ್ರೀಯ ಫೋಟೋ ಗೋಡೆಯ ಮೇಲಿರಲಿಲ್ಲ. ನನಗೆ ಬೇಸರವಾದೀತೆಂದು ಸುಧಾಕರ ಮನೆ ಬದಲಿಸುವಾಗ ಎಲ್ಲ ಫೋಟೋಗಳನ್ನೂ ಒಂದು ಹಳೆಯ ಸೂಟ್‌ಕೇಸಿನಲ್ಲಿ ಹಾಕಿ ಅಟ್ಟಕ್ಕೇರಿಸಿದ್ದರು. ನಾನು ಜಯಶ್ರೀಯನ್ನು ನೋಡಿದ್ದು ಅವರ ಮೊಬೈಲಿನ ಎರಡೇ ಫೋಟೋಗಳಲ್ಲಿ. ಒಂದರಲ್ಲಿ ಆಕೆ ಮನಾಲಿಯ ಹಿಮದಲ್ಲಿ ಮಂಕಿ ಟೋಪಿ, ಕಪ್ಪು ಕನ್ನಡಕ ಹಾಕಿದ್ದರು. ಇನ್ನೊಂದರಲ್ಲಿ ತಾಜ್ ಮಹಲಿನ ಮುಂದೆ ಕೊತ್ತಂಬರಿ ಬೀಜದಷ್ಟು ಕಾಣುತ್ತಿದ್ದರು.

ಶುಕ್ರವಾರ ಜಯಶ್ರೀಯ ಹುಟ್ಟುಹಬ್ಬ. ಪ್ರತಿವರ್ಷ ಆ ದಿನ ಅಮ್ಮ ಅಳಿಯನ ಜೊತೆ ದೇವಸ್ಥಾನಕ್ಕೆ ಹೋಗಿ ಮಗಳ ನೆನಪಿನಲ್ಲಿ ಪೂಜೆ ಮಾಡಿಸುತ್ತಾರೆ. ಅವರು ಮರಳಿ ಬರುವಷ್ಟರಲ್ಲಿ ಫೋಟೋ ಗೋಡೆಯ ಮೇಲಿರಬೇಕು. ಯಾರಿಗೂ ಹೇಳುವಂತಿಲ್ಲ, ಹೇಳಿದರೆ ಕಣ್ಣೀರಿನ ರಭಸ ಕಡಿಮೆಯಾಗುತ್ತದೆ! ಸ್ಟೂಲು ಹತ್ತಿ ಸೂಟ್‌ಕೇಸ್ ಇಳಿಸಿದೆ. ಮೇಲೆಯೇ ಒಂದು ಲಕೋಟೆಯಲ್ಲಿ ಜೋಪಾನವಾಗಿ ಇಟ್ಟಿದ್ದ ಫೋಟೋ ಇತ್ತು. ಎರಡು ಜಡೆ, ಮೂಗುಬೊಟ್ಟು, ಅದಿತಿಯದೇ ಕಣ್ಣು, ಅದಿತಿಯದೇ ಗಲ್ಲ. ಸ್ವಲ್ಪ ಮಾಸಿತ್ತು. ಪಾಪ, ಎಷ್ಟು ಚಂದದ ಹುಡುಗಿ ಎಂದು ನನ್ನ ಕಣ್ಣು ತುಂಬಿ ಬಂತು. ಇದಕ್ಕಿಂತ ಹೆಚ್ಚಿನ ವಿಚಾರಣೆಯ ಅಗತ್ಯ ಕಂಡುಬರಲಿಲ್ಲ.

ಮಾರ್ಕೆಟ್ಟಿನ ಸ್ಟುಡಿಯೋದ ಭಯ್ಯಾ ಫೋಟೋವನ್ನು ಹಿಂದೆ ಮುಂದೆ ನೋಡಿ, "ಪುರಾನಾ ಹೈ ಮೇಡಂ. ಕಂಪ್ಯೂಟರ್ ಸೇ ಏಕ್‌ದಮ್ ನಯಾ ಕರ್ ದೂಂಗಾ" ಎಂದ. ಹೊಸದು ಮಾಡಿಯೂ ಕೊಟ್ಟ. ಮಾಸಿದ ಸೀರೆ ಗುಲಾಬಿಯಾಗಿ, ಕೆನ್ನೆ ಅದಕ್ಕಿಂತ ಗುಲಾಬಿಯಾಗಿ, ಹಿಂದೆ ಒಂದು ಜಲಪಾತವೂ ಬಂದಿತ್ತು.

ಶುಕ್ರವಾರ ಕ್ಯಾಶುವಲ್ ಲೀವ್ ಹಾಕಿದೆ. ಅದಿತಿ ಶಾಲೆಗೆ, ಅಮ್ಮ ಮತ್ತು ಸುಧಾಕರ ದೇವಸ್ಥಾನಕ್ಕೆ ಹೋದ ಮೇಲೆ ಫೋಟೋ ತೂಗುಹಾಕಿ, ಶ್ರೀಗಂಧದ ಹಾರ ಹಾಕಿ, ದೀಪ ಹಚ್ಚಿ, ಊದುಬತ್ತಿ ಸಿಕ್ಕಿಸಿದೆ. ಒಲೆಯ ಮೇಲೆ ಹುಟ್ಟುಹಬ್ಬದ ಪಾಯಸ ಕುದಿಯುತ್ತಿತ್ತು. ಅಷ್ಟರಲ್ಲಿ ಬೆಲ್ ಆಯಿತು. ಎದುರು ಮನೆಯ ಸೂದ್ ಆಂಟಿ. ನಮ್ಮ ಬಟ್ಟಲು ವಾಪಸ್ ಕೊಡಲು ಬಂದಿದ್ದರು. ಸೊಸೈಟಿಯ ವಾಟ್ಸಾಪ್ ಗುಂಪನ್ನು ನಡೆಸುವವರೂ ಅವರೇ.

ಒಳಗೆ ಬಂದವರು ಗೋಡೆ ನೋಡಿ ಎದೆಯ ಮೇಲೆ ಕೈಯಿಟ್ಟರು. "ಹಾಯ್ ರಬ್ಬಾ! ಯೇ ಕೈಸೇ ಹೋ ಗಯಾ?"

ಹೇಗಾಯಿತು ಎಂದು ಕೇಳುತ್ತಿದ್ದಾರೆ. ಎಷ್ಟು ಮೃದು ಮನಸ್ಸು! "ಡೆಂಗ್ಯೂ, ಆಂಟಿ" ಎಂದೆ. "ಕುಛ್ ಕರ್ ಹೀ ನಹೀಂ ಪಾಯೇ." ಏನೂ ಮಾಡಲಾಗಲಿಲ್ಲ ಎನ್ನುತ್ತಾ ಸೆರಗಿನ ತುದಿಯನ್ನು ಕಣ್ಣಿಗೊತ್ತಿಕೊಂಡೆ.

ಅವರು ನನ್ನನ್ನು ಎದೆಗೊತ್ತಿಕೊಂಡು ಬಿಕ್ಕಿದರು. ಯಾವಾಗ ಎಂದು ಅವರು ಕೇಳಲಿಲ್ಲ, ನಾನು ಹೇಳಲಿಲ್ಲ. ಅಡುಗೆಮನೆಯಿಂದ ಬರುತ್ತಿದ್ದ ಏಲಕ್ಕಿ ಪಾಯಸದ ಪರಿಮಳ ಮೂಗಿಗೆ ಬಡಿದಾಗ ಮಾತ್ರ ಸ್ವಲ್ಪ ತಬ್ಬಿಬ್ಬಾದಂತೆ ಕಂಡರು. ಸೌತ್ ಇಂಡಿಯನ್ನರಲ್ಲಿ ಹೀಗೇ ಪದ್ಧತಿ ಇರಬೇಕು ಎಂದುಕೊಂಡಿರಬಹುದು. ಕಣ್ಣೊರೆಸುತ್ತಾ, ಮೊಬೈಲಿನಲ್ಲಿ ಏನೋ ಒತ್ತುತ್ತಾ, ಬಟ್ಟಲನ್ನೂ ಕೊಡದೆ ಹಾಗೇ ಹಿಡಿದುಕೊಂಡು ಹೊರಟುಹೋದರು.

ಸ್ವಲ್ಪ ಹೊತ್ತಿನಲ್ಲಿ ಜನ ಬರತೊಡಗಿದರು. ಕೆಳಗಿನ ಮನೆಯ ಗುಪ್ತಾಜಿ ಒಂದು ಬಿಳಿ ಚಾದರ ತಂದು ಅವರೇ ನೆಲಕ್ಕೆ ಹಾಸಿದರು. ಹೆಂಗಸರು ಮಾಸಲು ಬಣ್ಣದ ದುಪಟ್ಟಾ ತಲೆಗೆಳೆದುಕೊಂಡು ಬಂದು ಸಾಲಾಗಿ ಕೂತರು. ಲಿಫ್ಟಿನಲ್ಲಿ ಯಾವತ್ತೂ ಮುಖ ಎತ್ತದವರು ಕೂಡ ಫೋಟೋಕ್ಕೆ ಕೈಮುಗಿದರು. "ಬಹುತ್ ನೇಕ್ ಥೀಂ" ಎಂದು ಒಬ್ಬರು, ಬಹಳ ಒಳ್ಳೆಯ ಜೀವ ಎಂದು ಇನ್ನೊಬ್ಬರು. ಕಣ್ಣಾರೆ ಕಾಣದ ಜಯಶ್ರೀಯ ಮೇಲೆ ಇವರಿಗೆ ಎಷ್ಟು ಪ್ರೀತಿ! ದೆಹಲಿಯವರು ಒರಟರು ಎಂದು ಯಾರು ಹೇಳಿದ್ದು? ಸಿನಿಮಾದಲ್ಲೂ ಇಷ್ಟು ಜನ ಬಂದಿರಲಿಲ್ಲ.

"ದೋ ಶಬ್ದ್ ಬೋಲಿಯೇ ಬೇಟಾ" ಎಂದು ಗುಪ್ತಾಜಿ ನನಗೆ ಎರಡು ಮಾತಾಡಲು ಹೇಳಿದರು.

ನಾನು ಎದ್ದು ನಿಂತೆ. ಅವರಿಗೆ ಚೆನ್ನಾಗಿ ಅರ್ಥವಾಗಲೆಂದು ಕಚೇರಿಯ ಹಿಂದಿ ಪಖವಾಡದ ಭಾಷಣ ಸ್ಪರ್ಧೆಯಲ್ಲಿ ಸಮಾಧಾನಕರ ಬಹುಮಾನ ಪಡೆದ ನನ್ನ ಶುದ್ಧ ಹಿಂದಿಯಲ್ಲೇ ಹೇಳಿದೆ. ಇವರು ನನಗೆ ಅಕ್ಕನ ಸಮಾನ ಎಂದೆ. ಗುಪ್ತಾಜಿ ಹುಬ್ಬೇರಿಸಿದರು. ಇವರ ಜಾಗವನ್ನು ನಾನು ಎಂದೂ ತುಂಬಲಾರೆ ಎಂದೆ. ತಲೆಗಳು ಅಲ್ಲಾಡಿದವು. "ಉನ್‌ಕೇ ಪತಿ ಅಬ್ ಮೇರೇ ಪತಿ ಹೈಂ" ಎಂದೆ.

ಚಾದರದ ಮೇಲೆ ಕೂತವರ ತಲೆಗಳೆಲ್ಲ ಒಮ್ಮೆಲೇ ಮೇಲೆದ್ದವು. ಇವರ ಗಂಡನೇ ಈಗ ನನ್ನ ಗಂಡ ಎಂಬ ಸರಳ ಸತ್ಯಕ್ಕೆ ಇಷ್ಟೊಂದು ಬೆಚ್ಚಿಬೀಳುವುದೇನಿದೆ? ಒಬ್ಬಾಕೆ ದುಪಟ್ಟಾವನ್ನು ಬಾಯಿಗೆ ತುರುಕಿಕೊಂಡಳು. ಸೂದ್ ಆಂಟಿ ಗೋಡೆಗೆ ಒರಗಿದರು. ಬಹುಶಃ ಭಾವೋದ್ವೇಗ ಎಂದುಕೊಂಡು ನಾನು ಮುಂದುವರಿದೆ. ಈಗ ಮಾತು ನನ್ನ ಹಿಡಿತದಲ್ಲಿರಲಿಲ್ಲ, ಅಳು ನಿಜವಾಗಿಯೂ ಬಂದಿತ್ತು. "ಉನ್‌ಕೀ ಮಾಂ ಮುಝೇ ಛೋಡ್‌ಕರ್ ಜಾ ರಹೀ ಹೈಂ. ಇವರ ತಾಯಿ ನನ್ನನ್ನು ಬಿಟ್ಟು ಹೋಗ್ತಿದ್ದಾರೆ. ನನಗೆ ಅವರನ್ನು ಕಳಿಸೋಕೆ ಇಷ್ಟ ಇಲ್ಲ. ಅವರಿಲ್ಲದೆ ನನಗೆ ಆಗೋದಿಲ್ಲ" ಎಂದು ಹಿಂದಿಯಿಂದ ಕನ್ನಡಕ್ಕೆ ಜಾರಿ ಗೊಳೋ ಎಂದೆ.

"ಮಾತಾಜಿ ಕೀ ಮಾಂ ಭೀ ಹೈಂ?" ಎಂದು ಗುಪ್ತಾಜಿ ಗಾಬರಿಯಿಂದ ಪಕ್ಕದವರನ್ನು ಕೇಳಿದರು. ಮಾತಾಜಿಯ ತಾಯಿ ಬೇರೆ ಇನ್ನೂ ಬದುಕಿದ್ದಾರೆಯೇ?

ಮಾತಾಜಿ! ಈ ಸೊಸೈಟಿಯಲ್ಲಿ ಎಲ್ಲರೂ ಮಾತಾಜಿ ಎನ್ನುವುದು ಒಬ್ಬರನ್ನೇ. ನನ್ನ ಅಳು ತಟ್ಟನೆ ನಿಂತಿತು. ಗೋಡೆ ನೋಡಿದೆ. ಎರಡು ಜಡೆ, ಮೂಗುಬೊಟ್ಟು, ಅಮ್ಮನದೇ ಆ ಗಲ್ಲ. ಅಯ್ಯೋ ರಾಮ! ಬಾಗಿಲ ಕಡೆ ನೋಡಿದೆ. ಅಲ್ಲಿ ಕೈಯಲ್ಲಿ ಪ್ರಸಾದದ ಪೊಟ್ಟಣ ಹಿಡಿದು, ಅಮ್ಮ ನಿಂತಿದ್ದರು. ಎಷ್ಟು ಹೊತ್ತಿನಿಂದಲೋ!

ಅವರನ್ನು ಕಂಡ ಸೂದ್ ಆಂಟಿ ಹಾಕಿದ ಕೂಗು ಮೆಟ್ರೋ ಸ್ಟೇಷನ್ನಿಗೂ ಕೇಳಿಸಿರಬೇಕು. ಅವರ ಕೈಯಲ್ಲಿದ್ದ ನಮ್ಮ ಬಟ್ಟಲು ಎರಡನೆಯ ಸಲ ವಾಪಸ್ ಕೊಡುವ ಪ್ರಸಂಗವೇ ಬರದಂತೆ ಕೆಳಗೆ ಬಿದ್ದು ಚೂರಾಯಿತು. ಯಾರೋ ಹನುಮಂತನ ಸ್ತೋತ್ರ ಶುರುಮಾಡಿದರು. ಅಮ್ಮ ಯಾರನ್ನೂ ಲಕ್ಷಿಸದೆ, ಬಿಳಿ ಚಾದರದ ಮೇಲೆ ನಡೆದು ಬಂದು, ಕನ್ನಡಕ ಸರಿಮಾಡಿಕೊಂಡು, ಹಾರ ಹಾಕಿದ ತಮ್ಮ ಫೋಟೋವನ್ನು ತಾವೇ ಪರೀಕ್ಷಿಸಿದರು.

"ಎಂಥ ಇದು? ನಾನು ತೀರಿದ್ದು ಯಾವಾಗ ಮಾರಾಯ್ತಿ?"

ನನ್ನ ಬಾಯಿಂದ ಶಬ್ದ ಹೊರಡಲಿಲ್ಲ, ಈ ಸಲ ಕೆಸುವಿನ ಎಲೆಯ ಸಹಾಯವಿಲ್ಲದೆಯೇ.

"ಇದು ನನ್ನ ಮದುವೆಗೆ ಗಂಡಿನ ಕಡೆಯವರಿಗೆ ಕೊಡ್ಲಿಕ್ಕೆ ತೆಗೆಸಿದ ಪಟ. ಸೀರೆ ಹಸಿರು ಇತ್ತಲ್ಲ, ಗುಲಾಬಿ ಯಾರು ಮಾಡಿದ್ದು? ಹಿಂದೆ ಅಬ್ಬಿ ಬೇರೆ ಉಂಟು!" ಎಂದು ಅವರು ತಿರುಗಿ ಜನರತ್ತ ನೋಡಿ, ತಮಗೆ ಬರುವ ಅಷ್ಟೂ ಹಿಂದಿಯಲ್ಲಿ, "ಹಮ್ ಠೀಕ್ ಹೈ. ಬೈಠೋ. ಪಾಯಸ ಖಾವೋ" ಎಂದರು.

ಅದೇ ವೇಳೆಗೆ ಸುಧಾಕರ ಮೆಟ್ಟಿಲು ಹತ್ತಿ ಏದುಸಿರು ಬಿಡುತ್ತಾ ಓಡಿಬಂದರು. ಗೇಟಿನಲ್ಲಿ ಅತ್ತೆಯನ್ನು ಇಳಿಸಿ ಹಾಲು ತರಲು ಹೋಗಿದ್ದರಂತೆ. ಅಷ್ಟರಲ್ಲಿ ಗಾರ್ಡ್ ಇವರ ಹೆಗಲು ತಟ್ಟಿ, "ಮಾತಾಜಿ ನಹೀಂ ರಹೀಂ ಸಾಬ್", ಮಾತಾಜಿ ಇನ್ನಿಲ್ಲ, ಎಂದಿದ್ದನಂತೆ. ಅತ್ತೆಯನ್ನು ನೋಡಿದರು, ಫೋಟೋ ನೋಡಿದರು, ನನ್ನನ್ನು ನೋಡಿದರು. ಮೂರನೆಯದು ನೋಡಿದ ಮೇಲೆ ಅವರಿಗೆ ಬೇರೆ ವಿವರಣೆ ಬೇಕಾಗಲಿಲ್ಲ.

ನಾನು ಗುಪ್ತಾಜಿಯವರಿಗೆ ವಿಷಯವನ್ನು ವಿವರಿಸಿದೆ. ಮೊದಲ ಪತ್ನಿ, ಎರಡನೆಯ ಪತ್ನಿ, ಮೊದಲ ಪತ್ನಿಯ ತಾಯಿ. ಅವರು ಎರಡು ಸಲ ಕೇಳಿ, ಮೂರನೆಯ ಸಲ ಪಾಯಸ ಕೇಳಿದರು. ಸೂದ್ ಆಂಟಿ ಅಲ್ಲೇ ಕೂತು ಗುಂಪಿಗೆ ತಿದ್ದುಪಡಿ ಕಳಿಸಿದರು: ಮಾತಾಜಿ ಜೀವಂತವಾಗಿದ್ದಾರೆ, ಹಿಂದಿನ ಸಂದೇಶವನ್ನು ದಯವಿಟ್ಟು ಕಡೆಗಣಿಸುವುದು. ಆದರೂ ಮೇಲಿಂದ ಮೇಲೆ 'ಓಂ ಶಾಂತಿ' ಬರುತ್ತಲೇ ಇತ್ತು. ಒಬ್ಬರಂತೂ ಮಾತಾಜಿ ಜೀವಂತವಾಗಿದ್ದಾರೆ ಎಂಬುದರ ಕೆಳಗೇ 'ಓಂ ಶಾಂತಿ' ಹಾಕಿದ್ದರು.

ಅದಿತಿ ಶಾಲೆಯಿಂದ ಬಂದು ಕಥೆ ಕೇಳಿ, ಸೋಫಾದಿಂದ ಉರುಳಿ ಬಿದ್ದು ನಕ್ಕಳು. "ಚಿಕ್ಕಿ, ಮುಝ್‌ಸೇ ಕೇಳಬಹುದಿತ್ತು ನಾ! ಅಮ್ಮನ ಫೋಟೋ ನನ್ನ ಅಲ್ಮಾರಿ ಬಾಗಿಲು ಒಳಗೇ ಇದೆ. ಇಷ್ಟು ದೊಡ್ಡದು!"

"ನಾನು ನೋಡೇ ಇಲ್ಲವಲ್ಲೇ!"

"ಹೇಗೆ ನೋಡ್ತೀರಿ? ನೀವು ಕಭೀ ಅಂದರ್ ಬರೋದೇ ಇಲ್ಲ. ಬಾಹರ್ ಸೇ ಹೀ ಮಾತಾಡ್ತೀರಿ. ಮೈಂ ಸೋಚ್‌ತೀ ಥೀ, ನಿಮಗೆ ನನ್ನ ರೂಮ್ ಇಷ್ಟ ಇಲ್ಲ ಅಂತ" ಎಂದಳು.

ನಾನು ಒಂದು ವರ್ಷ ಕಷ್ಟಪಟ್ಟು ಕೊಟ್ಟ ಸ್ಪೇಸ್ ಆ ಹುಡುಗಿಗೆ ಹೀಗೆ ತಲುಪಿತ್ತು! ನನಗೆ ನಾಚಿಕೆಯಾಯಿತು, ಅಳುವೂ ಬಂತು. ಅವಳು ನನ್ನ ಕೈ ಹಿಡಿದೆಳೆದುಕೊಂಡು ಹೋಗಿ ಅಲ್ಮಾರಿ ತೆರೆದಳು. ಜಯಶ್ರೀ ನಗುತ್ತಿದ್ದರು. ಅಗಲ ಹಣೆ, ಗುಂಗುರು ಕೂದಲು. ತಾಯಿಯ ಹೋಲಿಕೆ ಸ್ವಲ್ಪವೂ ಇರಲಿಲ್ಲ. "ಅವಳು ಅಪ್ಪನ ಮುಖ. ಈ ಮೊಮ್ಮಗಳು ನನ್ನ ಮುಖ" ಎಂದರು ಹಿಂದೆ ನಿಂತಿದ್ದ ಅಮ್ಮ. ಆಮೇಲೆ ನನ್ನನ್ನು ಗದರಿದರು, "ಇರಿ ಅಂತ ನನ್ನ ಹತ್ರ ಹೇಳ್ಬೇಕಾದ್ದನ್ನು ಊರಿನವರನ್ನೆಲ್ಲ ಕೂರಿಸಿ ಹಿಂದಿಯಲ್ಲಿ ಹೇಳುವುದಾ? ನಿಂಗೆ ಮಂಡೆ ಸಮ ಉಂಟಾ?"

"ಹೋಗಬೇಡಿ ಅಮ್ಮ" ಎಂದೆ. ಎರಡೇ ಪದ. ಸುಧಾಕರ ಬಾಗಿಲಲ್ಲಿ ನಿಂತು, ಹತ್ತು ನಿಮಿಷವೂ ಬೇಕಾಗಲಿಲ್ಲ ನೋಡು ಎಂಬಂತೆ ತಲೆಯಾಡಿಸಿದರು.

ಅಮ್ಮ ಇನ್ನೇನು ತಬ್ಬಿಕೊಳ್ಳುತ್ತಾರೆಂದು ನಾನು ಎರಡೂ ಕೈ ಸ್ವಲ್ಪ ಅಗಲಿಸಿ ನಿಂತೆ. ಅವರು ಪ್ರಸಾದದ ಪೊಟ್ಟಣವನ್ನು ನನ್ನ ಕೈಗೆ ಹಾಕಿ, ಮೊಬೈಲ್ ಹಿಡಿದು ಹಾಲಿಗೆ ಹೋದರು. ಅವರು ಫೋನಿನಲ್ಲಿ ಮಾತಾಡಿದರೆ ಆ ಕಡೆಯವರಿಗೆ ಫೋನೇ ಬೇಡ, ಹಾಗೇ ಕೇಳಿಸುತ್ತದೆ.

"ಗಣೇಶಾ, ನಾನು ಬರುವುದಿಲ್ಲ. ಟಿಕೆಟ್ ಕ್ಯಾನ್ಸಲ್... ಇಲ್ಲ ಇಲ್ಲ, ಅದಿತಿಗೆ ಎಂಥ ಆಗ್ಬೇಕು? ಅವಳು ಹುಷಾರುಂಟು, ಅವಳನ್ನು ನೋಡಿಕೊಳ್ಳುವುದು ಬೇಡ. ಈ ದೊಡ್ಡದು ಉಂಟಲ್ಲ, ಶೈಲಾ, ಅದಕ್ಕೆ ಯಾರೂ ಇಲ್ಲ ಮಾರಾಯ. ಒಳ್ಳೇದು, ಪಾಪದ್ದು, ಆದ್ರೆ ಎಂಥದೂ ಗೊತ್ತಾಗುವುದಿಲ್ಲ. ಬಿಟ್ಟು ಬಂದ್ರೆ ನಾಳೆ ಯಾರ ಪಟಕ್ಕೆ ಹಾರ ಹಾಕ್ತದೋ ದೇವರಿಗೇ ಗೊತ್ತು... ನಗ್ಬೇಡ! ನಿನ್ನ ಪಟವೂ ಒಂದು ಆ ಪೆಟ್ಟಿಗೆಯಲ್ಲಿ ಉಂಟು!"

ಒಟ್ಟಿನಲ್ಲಿ ಪರಿಸ್ಥಿತಿಯ ಸಾರಾಂಶ ಇಷ್ಟು. ತಾಯಿಯ ಹುದ್ದೆಗೆ ಅರ್ಜಿ ಹಾಕಿದ್ದೆ. ಅಭ್ಯರ್ಥಿಯ ಯೋಗ್ಯತೆಯನ್ನು ಕೂಲಂಕಷವಾಗಿ ಪರಿಶೀಲಿಸಿ, ಮಗಳ ಹುದ್ದೆಗೆ ನೇಮಿಸಿದ್ದಾರೆ. ಅದೂ ಪ್ರೊಬೇಷನ್ ಮೇಲೆ!